ಮುಖವಾಡ ಕಳಚದ ಆ ಚಳಿಗಾಲ

ಇಲ್ಲಿನ ಹುಲ್ಲುಹಾಸುಗಳಿಗೆ ಶುದ್ಧೀಕರಿಸಿದ ಚರಂಡಿ ನೀರು ಬಿಡುತ್ತಾರೆ. ಸಂಜೆ ನೀರಿನ ನಳಿಗೆಗಳು ತಿರುಗತೊಡಗಿದರೆ, ಒದ್ದೆ ಬಟ್ಟೆ ತುಂಬಿ ಮರೆತಿದ್ದ ಚೀಲವನ್ನು ಬಿಚ್ಚಿದಂಥ ವಾಸನೆ ಏಳುತ್ತದೆ. ಮೂವತ್ತನೆಯ ಮಹಡಿಯ ಬಾಲ್ಕನಿಗೂ ಅದು ಹತ್ತುತ್ತದೆ, ಆದರೆ ಅಷ್ಟು ಬಾಡಿಗೆ ಕೊಡುವವರು ಯಾರೂ ಅದರ ಮಾತೆತ್ತುವುದಿಲ್ಲ. 2019ರ ಡಿಸೆಂಬರಿನಲ್ಲಿ ಅಬುಧಾಬಿಯ ಅಲ್ ರೀಮ್ ಐಲ್ಯಾಂಡಿನಲ್ಲಿ, ನಾಲ್ಕು ಗೋಪುರಗಳ ನಡುವಿನ ಹುಲ್ಲುಹಾಸಿನ ಮೇಲೆ ಟೇಪು ಹಿಡಿದು ವೇದಿಕೆಗೆ ಜಾಗ ಅಳೆಯುತ್ತಿದ್ದೆ. ಹೊಸ ಕಂಪನಿ, ಹೊಸ ಕಾರ್ಯಕ್ರಮ. ನಳಿಗೆಗಳು ಶುರುವಾದವು, ವಾಸನೆ ಬಂತು. ಟೇಪಿನ ಆಚೆ ತುದಿ ಹಿಡಿದಿದ್ದವನು, ‘ಮೊದಲ ಸಲವಾ ಮೇಡಂ ಇಲ್ಲಿಗೆ?’ ಎಂದು ಕೇಳಿದ. ಎರಡನೆಯ ಸಲ ಎಂದೆ. ಮೊದಲ ಸಲದ್ದನ್ನು ಅವನಿಗೆ ಹೇಳಲು ಸಮಯವಿರಲಿಲ್ಲ. ಇಲ್ಲಿ ಬರೆಯುತ್ತಿದ್ದೇನೆ.

ನಾನು ದಿನಚರಿ ಬರೆಯುವವಳು. ಹೈಸ್ಕೂಲಿನಿಂದ ಬಂದ ಚಟ. ಮನಸ್ಸಿನ ಮಾತುಗಳನ್ನು ಹೆಚ್ಚು ಬರೆಯುವುದಿಲ್ಲ. ಎಷ್ಟು ಕುರ್ಚಿ ಬಂತು, ಯಾರು ತಡವಾಗಿ ಬಂದರು, ಯಾರು ಏನು ಮಾತು ಕೊಟ್ಟರು, ಇಷ್ಟೇ. ದುಬೈಯಲ್ಲಿ ನನಗೆ ಕೆಲಸ ಸಿಕ್ಕಿದ್ದೂ ಆ ಚಟದಿಂದಲೇ. 2016ರಲ್ಲಿ ನನಗೆ ಇಪ್ಪತ್ತನಾಲ್ಕು ವರ್ಷ. ಮಿರ್ದಿಫ್‌ನಲ್ಲಿ ಅಕ್ಕ ಭಾವನ ಫ್ಲ್ಯಾಟಿನ ಸಣ್ಣ ಕೋಣೆಯಲ್ಲಿದ್ದೆ. ಅಲ್ ಕೂಝ್‌ನ ಗೋದಾಮುಗಳ ನಡುವೆ ಇದ್ದ ಒಂದು ಇವೆಂಟ್ ಕಂಪನಿಯಲ್ಲಿ ಕೋಆರ್ಡಿನೇಟರ್ ಆಗಿದ್ದೆ. ಧಣಿ ಲೋಬೊ ಸರ್ ಬಜ್ಪೆಯವರು. ಮನೆಯಲ್ಲಿ ಅವರದು ಕೊಂಕಣಿ, ನಮ್ಮದು ತುಳು. ನಮ್ಮಿಬ್ಬರ ನಡುವೆ ಮಂಗಳೂರು ಕನ್ನಡ. ಯಾರು ಏನು ಕೇಳಿದರೂ ‘ಮಾಫಿ ಮುಷ್ಕಿಲ್’ ಎನ್ನುವುದು ಅವರ ವ್ಯಾಪಾರದ ಗುಟ್ಟು. ಯಾವ ಕಷ್ಟವೂ ಇಲ್ಲ ಎಂದು ಅದರ ಅರ್ಥ. ಕಷ್ಟ ಇರುತ್ತಿತ್ತು, ಅದು ನನ್ನ ಮೇಜಿಗೆ ಬರುತ್ತಿತ್ತು.

ಆ ನವೆಂಬರಿನಲ್ಲಿ ರೀಮ್ ಐಲ್ಯಾಂಡಿನ ಆ ಗೋಪುರಗಳ ಆಡಳಿತದವರು ನಿವಾಸಿಗಳಿಗಾಗಿ ಒಂದು ಸಂಸ್ಕೃತಿ ದಿನ ಬೇಕು ಎಂದರು. ಜನವರಿಯ ಮೂರನೆಯ ಶುಕ್ರವಾರ ಸಂಜೆ, ಬೇರೆ ಬೇರೆ ದೇಶಗಳ ಹಾಡು ಕುಣಿತ. ಪಶ್ಚಿಮ ಆಫ್ರಿಕಾದಿಂದ ಯಾರಾದರೂ ಬೇಕಿತ್ತು. ಹಾಗೆ ನಮ್ಮ ಆಫೀಸಿಗೆ ಬಂದವರು ಚಿನೆಡು.

ದೇರಾದಲ್ಲಿ ನೈಜೀರಿಯಕ್ಕೆ ಸರಕು ಕಳಿಸುವ ಕಾರ್ಗೊ ಅಂಗಡಿ ಅವರದು. ಆಳು ಬಾಗಿಲಿನಷ್ಟು ಅಗಲ, ಕಾಲಲ್ಲಿ ಒಂದು ಕಲೆಯೂ ಇಲ್ಲದ ಬಿಳಿ ಶೂ. ನಾವು ಕೊಟ್ಟ ಪ್ಲಾಸ್ಟಿಕ್ ಕುರ್ಚಿಯನ್ನು ಎರಡು ಸಲ ಅಲ್ಲಾಡಿಸಿ ನೋಡಿ, ‘ಇದು ನಿಮ್ಮ ಶತ್ರುಗಳಿಗೆ ಇಟ್ಟ ಕುರ್ಚಿಯಾ?’ ಎಂದು ಕೇಳಿ ನಿಂತೇ ಮಾತಾಡಿದರು. ಇಂಗ್ಲಿಷಿನಲ್ಲಿ ಆಡಿದ ಮಾತು ನನ್ನ ದಿನಚರಿಯಲ್ಲಿ ಕನ್ನಡವಾಗಿದೆ, ಹಾಗೇ ಕೊಡುತ್ತೇನೆ.

ಅವರು ನೈಜೀರಿಯದ ಇಗ್ಬೊ ಜನ. ಅವರ ಊರಿನಲ್ಲಿ ಮಳೆ ನಿಂತು ಒಣ ಗಾಳಿ ಬೀಸುವ ತಿಂಗಳುಗಳಲ್ಲಿ ಮುಖವಾಡಗಳು ಹೊರಡುತ್ತವೆ. ಹತ್ತಾರು ಬಗೆ. ಅವರು ತರಲಿದ್ದುದು ಕನ್ಯೆಯ ಮುಖವಾಡ: ಬಿಳಿಯ ಸಪೂರ ಮುಖ, ತಲೆಯ ಮೇಲೆ ಗೋಪುರದಂತೆ ಎತ್ತಿ ಕಟ್ಟಿದ ಮರದ ತುರುಬು, ಮೈಗಂಟಿದ ಬಣ್ಣಬಣ್ಣದ ತೇಪೆಯ ಬಟ್ಟೆ. ಸತ್ತವರ ಲೋಕದಿಂದ ಕುಣಿಯಲು ಬರುವ ಹುಡುಗಿ ಅವಳು. ಕೊಳಲು ಅವಳನ್ನು ಕರೆಯುತ್ತದೆ, ಅವಳು ಕಾಲಿನಲ್ಲಿ ಉತ್ತರ ಕೊಡುತ್ತಾಳೆ.

‘ಅವಳ ವೇಷ ಹಾಕುವವರು ಯಾರು?’ ನಾನು ಪೆನ್ನು ತೆಗೆದೆ. ಗೇಟ್ ಪಾಸಿಗೆ ಎಲ್ಲರ ಹೆಸರೂ ಬೇಕಿತ್ತು.

‘ಯಾರೂ ಇಲ್ಲ.’

‘ಒಳಗೆ ಯಾರೂ ಇಲ್ಲದೆ ಕುಣಿಯುವುದು ಹೇಗೆ?’

ಚಿನೆಡು ಲೋಬೊ ಸರ್ ಕಡೆ ತಿರುಗಿದರು. ‘ನಮ್ಮ ಷರತ್ತು ಇದೊಂದೇ. ಈ ಪ್ರಶ್ನೆ ಯಾರೂ ಕೇಳಬಾರದು. ಎಲ್ಲರ ಐಡಿ ಕೊಡುತ್ತೇನೆ, ಗೇಟಿನಲ್ಲಿ ಎಲ್ಲರ ಮುಖ ನೋಡಿಕೊಳ್ಳಲಿ. ವೇಷ ಹಾಕಿದ ಮೇಲೆ ಯಾರೂ ಅವಳನ್ನು ಮುಟ್ಟುವ ಹಾಗಿಲ್ಲ, ಹೆಸರು ಕರೆಯುವ ಹಾಗಿಲ್ಲ, ಮುಖ ತೆಗೆಸುವ ಹಾಗಿಲ್ಲ. ಮುಖವಾಡ ನನ್ನದಲ್ಲ. ಊರಿನ ಹಿರಿಯರು ನನ್ನನ್ನು ನಂಬಿ ಕಳಿಸಿದ್ದು. ನಾಲ್ಕು ಜನರ ಮುಂದೆ ಅದು ಕಳಚಿತು ಅಂದರೆ ನನ್ನನ್ನು ಮತ್ತೆ ಊರಿಗೆ ಸೇರಿಸುವುದಿಲ್ಲ. ನನ್ನ ತಾಯಿ ಅಲ್ಲಿದ್ದಾಳೆ.’

‘ಮಾಫಿ ಮುಷ್ಕಿಲ್,’ ಎಂದರು ಲೋಬೊ ಸರ್, ಫೋನಿನಿಂದ ಕಣ್ಣೆತ್ತದೆ.

ನಾನು ಷರತ್ತನ್ನು ಬರೆದುಕೊಂಡೆ. ಕೋಆರ್ಡಿನೇಟರ್ ಬರೆದುಕೊಂಡರೆ ಅದು ಕಂಪನಿ ಕೊಟ್ಟ ಮಾತು ಎಂದೇ ನಾನು ಆಗ ತಿಳಿದಿದ್ದೆ. ಈಗಲೂ ಹಾಗೇ ತಿಳಿದಿದ್ದೇನೆ.

ಬಟ್ಟೆ ಹೊಲಿಸುವ ಕೆಲಸ ನನ್ನ ಪಾಲಿಗೆ ಬಂತು. ಸತ್ವಾದ ದರ್ಜಿಯ ಹತ್ತಿರ ಕೆಂಪು, ಹಳದಿ, ಕಪ್ಪು ಬಟ್ಟೆಯ ಗಂಟು ಹೊತ್ತುಕೊಂಡು ಹೋದೆ. ಚಿನೆಡು ಚೀಟಿಯಲ್ಲಿ ಅಳತೆ ಬರೆದು ಕೊಟ್ಟಿದ್ದರು. ದರ್ಜಿ ಕನ್ನಡಕ ಏರಿಸಿ ನೋಡಿದರು. ‘ಬೆಹನ್‌ಜೀ, ಈ ಭುಜ ಒಬ್ಬನದು, ಈ ಸೊಂಟ ಇನ್ನೊಬ್ಬನದು, ಈ ಕಾಲು ಒಂಟೆಯದು. ಯಾರಿಗೆ ಹೊಲಿಯಲಿ?’ ಫೋನು ಮಾಡಿ ಕೇಳಿದರೆ ಚಿನೆಡು ನಕ್ಕುಬಿಟ್ಟರು. ಅದು ಮೂರು ಜನರ ಅಳತೆ. ದರ್ಜಿಗೂ ಒಳಗಿನವನು ಯಾರೆಂದು ಗೊತ್ತಾಗಬಾರದು ಎಂದು ಬೇಕೆಂದೇ ಹಾಗೆ ಕೊಟ್ಟದ್ದು. ಸಡಿಲವಾಗಿ ಹೊಲಿಯಲಿ, ಉಳಿದದ್ದನ್ನು ಒಳಗಿನಿಂದ ನಾವೇ ಬಿಗಿದುಕೊಳ್ಳುತ್ತೇವೆ ಎಂದರು. ಗುಟ್ಟನ್ನು ಎಷ್ಟು ದೂರದಿಂದಲೇ ಕಾಯುತ್ತಾರೆ ಎಂದು ನನಗೆ ಮೊದಲು ತಿಳಿದದ್ದು ಆ ಅಂಗಡಿಯಲ್ಲಿ. ದರ್ಜಿ ಮಾತ್ರ ನಾನು ಹೊರಡುವವರೆಗೂ ಗೊಣಗುತ್ತಲೇ ಇದ್ದರು.

ಡಿಸೆಂಬರಿನ ಶುಕ್ರವಾರಗಳಲ್ಲಿ ನಮ್ಮ ಗೋದಾಮಿನಲ್ಲಿ ಅಭ್ಯಾಸ. ಬೀಗದ ಕೈ ನನ್ನ ಹತ್ತಿರ ಇದ್ದುದರಿಂದ ನಾನೂ ರಜೆ ಬಿಟ್ಟು ಹೋಗಬೇಕಿತ್ತು. ಬರುತ್ತಿದ್ದವರಲ್ಲಿ ಹೋಟೆಲಿನ ರಿಸೆಪ್ಶನಿಸ್ಟ್ ಇದ್ದ, ಫೋನ್ ವ್ಯಾಪಾರಿ ಇದ್ದ, ಮುಹೈಸ್ನಾದ ಕಾರ್ಮಿಕರ ಕ್ಯಾಂಪಿನಿಂದ ಬರುವ ಸೆಕ್ಯುರಿಟಿ ಗಾರ್ಡುಗಳಿದ್ದರು. ಒಬ್ಬರು ಜೋಡಿ ಕಬ್ಬಿಣದ ಗಂಟೆ ಬಡಿಯುತ್ತಿದ್ದರು, ಇನ್ನೊಬ್ಬರು ಮಗ್ಗುಲಲ್ಲಿ ತೂತಿರುವ ಮಣ್ಣಿನ ಗಡಿಗೆಯ ಬಾಯಿಯನ್ನು ಅಂಗೈಯಿಂದ ಮುಚ್ಚಿ ತೆರೆದು ಗುಂಯ್ ಎನ್ನಿಸುತ್ತಿದ್ದರು. ಆದರೆ ಎಲ್ಲರಿಗೂ ಯಜಮಾನ ಒಂದು ಕೊಳಲು. ಅದನ್ನು ಒಜಾ ಎನ್ನುತ್ತಾರೆ. ಗೇಣಿಗಿಂತ ಸಣ್ಣದು, ನಮ್ಮ ಕೊಳಲಿನಂತೆ ಇಂಪಾದ ರಾಗ ನುಡಿಸುವುದಿಲ್ಲ. ಚುಚ್ಚಿ ಮಾತಾಡುತ್ತದೆ. ಅವರ ಭಾಷೆಯಲ್ಲಿ ಸ್ವರ ಏರಿದರೆ ಒಂದು ಅರ್ಥ, ಇಳಿದರೆ ಇನ್ನೊಂದು. ಹಾಗಾಗಿ ಕೊಳಲು ನಿಜವಾಗಿಯೂ ಪದಗಳನ್ನೇ ನುಡಿಯುತ್ತದೆ. ಅವಳನ್ನು ಹೊಗಳುತ್ತದೆ, ಕೆಣಕುತ್ತದೆ, ಬಾ ಎನ್ನುತ್ತದೆ, ಸಾಕು ಎನ್ನುತ್ತದೆ. ಆ ತಗಡಿನ ಗೋದಾಮಿನಲ್ಲಿ ಅದು ಶುರುವಾದರೆ ಪಕ್ಕದ ಟೈರ್ ಅಂಗಡಿಯವರೂ ಕೆಲಸ ಬಿಟ್ಟು ಹೊರಬರುತ್ತಿದ್ದರು.

ಎರಡನೆಯ ವಾರ ಜಗಳವಾಯಿತು. ವೇಷ ಕಟ್ಟಲು ಅವರಿಗೆ ನಮ್ಮ ಪೇಂಟ್ ಕೋಣೆ ಕೊಟ್ಟಿದ್ದೆ. ಅಳತೆ ಸರಿಯಾಯಿತೇ ನೋಡೋಣ ಎಂದು ಬಾಗಿಲು ತಳ್ಳಿದರೆ ಚಿನೆಡು ಅಡ್ಡ ನಿಂತರು.

‘ಇಲ್ಲ ಸಿಸ್ಟರ್. ಹೆಂಗಸರಿಗೆ ಈ ಕೋಣೆ ಇಲ್ಲ.’

‘ಇದು ನಮ್ಮ ಕೋಣೆ. ಬೀಗ ನನ್ನದು.’

‘ಬೀಗ ನಿನ್ನದು. ಇವತ್ತು ಬಾಗಿಲು ನನ್ನದು.’

‘ಹುಡುಗಿಯ ಮುಖವಾಡ, ಕುಣಿಯುವವನು ಗಂಡಸು, ಹುಡುಗಿ ಬಾಗಿಲ ಹೊರಗೆ. ಇದು ಯಾವ ನ್ಯಾಯ?’

‘ನನ್ನ ಹೆಂಡತಿಯೂ ಇದನ್ನೇ ಕೇಳುತ್ತಾಳೆ, ನಿನಗಿಂತ ಜೋರಾಗಿ,’ ಎಂದರು. ‘ಕನ್ಯೆ ಹೊರಗೆ ಬಂದಾಗ ನೇರವಾಗಿ ಅವಳಿಗೇ ಹೇಳು. ಅವಳಿಗೆ ಕಿವಿ ಇದೆ.’

ಅವಳು ಬಂದಳು. ನಾನು ಸಿಟ್ಟಿನಲ್ಲೇ ನಿಂತಿದ್ದೆ. ಕಾಲಿನ ಗೆಜ್ಜೆ ಕೊಳಲಿನ ಒಂದೊಂದು ಅಕ್ಷರಕ್ಕೂ ಬಿದ್ದಿತು. ತಲೆ ಅಲ್ಲಾಡಲಿಲ್ಲ, ಭುಜ ಮಾತ್ರ ನೀರಿನ ಅಲೆಯ ಹಾಗೆ. ಸಿಟ್ಟು ಕರಗಿತು ಎಂದು ಬರೆದರೆ ಸುಳ್ಳಾಗುತ್ತದೆ. ಸಿಟ್ಟು ಹಾಗೇ ಇತ್ತು. ಆದರೆ ಆ ಗಂಡಸರಲ್ಲಿ ಇವನೇ ಅವಳು ಎಂದು ಯಾರನ್ನು ತೋರಿಸಿದ್ದರೂ ನಾನು ನಂಬುತ್ತಿರಲಿಲ್ಲ. ಆ ಬಾಗಿಲಿನ ವಿಷಯದಲ್ಲಿ ಚಿನೆಡು ಜೊತೆ ನನಗೆ ಇವತ್ತಿಗೂ ತಕರಾರಿದೆ. ಅದು ನನ್ನ ಅವರ ನಡುವಿನ ತಕರಾರು. ಮೂರನೆಯವರು ಬಂದು ಆ ಬಾಗಿಲು ಒದೆಯಲಿ ಎಂದು ನಾನು ಯಾವತ್ತೂ ಕೇಳಿಲ್ಲ.

ಇನ್ನೊಂದು ಶುಕ್ರವಾರ ಊಟದ ಡಬ್ಬಿ ಹಂಚುತ್ತಿದ್ದೆ. ವೇಷ ಇನ್ನೂ ಕೋಣೆಯ ಒಳಗಿತ್ತು. ಬಂದವರನ್ನೆಲ್ಲ ಬಾಗಿಲಲ್ಲೇ ಗುರುತು ಹಾಕಿಕೊಂಡಿದ್ದೆನಲ್ಲ, ಈಗ ಹೊರಗೆ ಕೂತವರನ್ನು ಎಣಿಸಿದರೆ ಒಳಗಿರುವವನು ಯಾರೆಂದು ಸುಲಭವಾಗಿ ಗೊತ್ತಾಗುತ್ತದೆ ಎಂದು ಆಗ ಹೊಳೆಯಿತು. ಬೆರಳು ತಾನಾಗಿಯೇ ಎಣಿಸತೊಡಗಿತ್ತು. ಚಿನೆಡು ನೋಡಿದರು.

‘ಸಿಸ್ಟರ್, ಡಬ್ಬಿ ಎಣಿಸು. ಜನ ಎಣಿಸಬೇಡ.’

‘ಎಣಿಸುವುದು ನನ್ನ ಕೆಲಸ.’

‘ಗೊತ್ತು. ಅದಕ್ಕೇ ಎಲ್ಲರಿಗಿಂತ ನಿನಗೆ ಹೆದರುತ್ತೇನೆ.’

ನಾನು ಬೆರಳು ಮಡಚಿದೆ. ಅಂದಿನಿಂದ ಅವರು ಬರುವ ಹೊತ್ತಿಗೆ ಬಾಗಿಲಿಗೆ ಬೆನ್ನು ಹಾಕಿ ಕೂರುತ್ತಿದ್ದೆ. ಕೇಳಿದರೆ ಸಣ್ಣ ವಿಷಯ. ನನಗೆ ಆ ಚಳಿಗಾಲದಲ್ಲಿ ಅದಕ್ಕಿಂತ ಕಷ್ಟದ ಕೆಲಸ ಇರಲಿಲ್ಲ.

ಮನೆಯಲ್ಲಿ ವೀಣಕ್ಕನಿಗೆ ಇದೆಲ್ಲ ತಮಾಷೆ. ‘ಬೆಳ್ಮಣ್ಣಿನಲ್ಲಿ ನಮ್ಮ ಕುಟುಂಬದ ನೇಮಕ್ಕೆ ಬಾರೆ ಅಂದ್ರೆ ಪರೀಕ್ಷೆ ಉಂಟು ಅಂತ ತಪ್ಪಿಸಿಕೊಳ್ತಿದ್ದಿ. ಇಲ್ಲಿ ಬಂದು ಪರದೇಶದ ದೈವಕ್ಕೆ ಅಂಗಿ ಹೊಲಿಸ್ತಿ.’ ಅವಳ ಮಾತು ನಿಜ. ಮನೆತನದ ದೈವ ವೇಷ ಕಟ್ಟಿ ಕುಣಿಯುವ ಆ ನೇಮದ ದಿನ ನಾನು ಕೋಣೆಯಲ್ಲಿ ಪುಸ್ತಕ ಹಿಡಿದು ಕೂರುತ್ತಿದ್ದೆ. ಆದರೂ ಒಂದು ವಿಷಯ ಯಾರೂ ಕಲಿಸದೆಯೇ ನನಗೆ ಗೊತ್ತಿತ್ತು. ಬಣ್ಣ ಹಚ್ಚಿ, ಕಾಲಿಗೆ ಗಗ್ಗರ ಕಟ್ಟಿಕೊಂಡ ಮೇಲೆ ಆ ಮನುಷ್ಯನನ್ನು ನಮ್ಮ ಅಜ್ಜ ಕೂಡ ಹೆಸರು ಹಿಡಿದು ಕರೆಯುತ್ತಿರಲಿಲ್ಲ. ಬೆಳಿಗ್ಗೆ ಅದೇ ಅಂಗಳದಲ್ಲಿ ಅವನನ್ನು ಏಕವಚನದಲ್ಲಿ ಗದರಿಸಿದ್ದ ಅಜ್ಜ.

ಕಾರ್ಯಕ್ರಮದ ಹಿಂದಿನ ದಿನ, ಗುರುವಾರ ಮಧ್ಯಾಹ್ನ, ಗೋಪುರಗಳ ಆಡಳಿತದ ಮಾರ್ಕೆಟಿಂಗ್ ಮ್ಯಾನೇಜರ್ ಹಲಾ ಮೇಡಂ ತಿದ್ದಿದ ಕಾರ್ಯಕ್ರಮ ಪಟ್ಟಿ ಕಳಿಸಿದರು. ಕೊನೆಗೆ ಹೊಸದಾಗಿ ಸೇರಿಸಿದ್ದರು: ‘ಒಳಗಿರುವುದು ಯಾರು? ಆ್ಯಂಕರ್ ಪ್ರೇಕ್ಷಕರನ್ನು ಕೇಳುತ್ತಾರೆ. ನಿವಾಸಿಗಳ ಒಂದು ಮಗು ವೇದಿಕೆಗೆ ಬಂದು ಮುಖವಾಡ ತೆಗೆಯುತ್ತದೆ. ಕಲಾವಿದನ ಹೆಸರು ಘೋಷಣೆ. ವಿಡಿಯೊ.’

ಲೋಬೊ ಸರ್ ಕೋಣೆಗೆ ಹೋದೆ.

‘ಸರ್, ಇದು ಆಗ್ಲಿಕ್ಕಿಲ್ಲ. ನಾವು ಅವರಿಗೆ ಮಾತು ಕೊಟ್ಟಿದ್ದೇವೆ.’

‘ಎಂತ ಮಾತು ಮಾರಾಯ್ತಿ?’

‘ಮುಖವಾಡ ತೆಗೆಸುವ ಹಾಗಿಲ್ಲ ಅಂತ. ನೀವು ಮಾಫಿ ಮುಷ್ಕಿಲ್ ಅಂದಿದ್ರಿ.’

‘ನಾನು ನನ್ನ ಹೆಂಡ್ತಿಗೂ ಅದೇ ಹೇಳೂದು.’ ತಮ್ಮ ಮಾತಿಗೆ ತಾವೇ ನಕ್ಕರು. ನಾನು ನಗದಿದ್ದುದನ್ನು ನೋಡಿ ದನಿ ಇಳಿಸಿದರು. ‘ನೋಡು ಸ್ವಾತಿ, ಈ ಗಿರಾಕಿ ಹೋದ್ರೆ ಈ ವರ್ಷ ನಮ್ಗೆ ಎಂತದೂ ಇಲ್ಲ. ಒಂದು ನಿಮಿಷದ ವಿಷಯ. ಟೊಪ್ಪಿ ತೆಗೆದ ಹಾಗೆ. ಆ ಮನುಷ್ಯನಿಗೆ ನಾನು ಹೇಳ್ತೇನೆ.’

‘ಇವತ್ತೇ ಹೇಳ್ತೀರಾ?’

‘ಹೇಳ್ತೇನೆ ಅಂದೆನಲ್ಲ. ಖಲಾಸ್.’

ಅವರು ಹೇಳಲಿಲ್ಲ. ಹೇಳುವುದಿಲ್ಲ ಎಂದು ನನಗೆ ಗೊತ್ತಿತ್ತು. ನಾನೇ ಹಲಾ ಮೇಡಂಗೆ ಬರೆದೆ, ಇದು ಅವರ ನಂಬಿಕೆಯ ವಿಷಯ, ದಯವಿಟ್ಟು ಬಿಡಿ ಎಂದು. ಉತ್ತರ ಒಂದು ಸಾಲಿನಲ್ಲಿ ಬಂತು: ಪ್ರಾಯೋಜಕರಿಗೆ ಬೇಕಾಗಿರುವುದೇ ಆ ಕ್ಷಣ.

ಶುಕ್ರವಾರ ಬೆಳಿಗ್ಗೆ ದಟ್ಟ ಮಂಜು. ಅಬುಧಾಬಿ ರಸ್ತೆಯಲ್ಲಿ ಮುಂದಿನ ಲಾರಿಯ ಹಿಂದಿನ ದೀಪ ಬಿಟ್ಟರೆ ಬೇರೇನೂ ಕಾಣದೆ ನಮ್ಮ ಬಸ್ಸು ತೆವಳುತ್ತಿತ್ತು. ಹಿಂದಿನ ಸೀಟುಗಳಲ್ಲಿ ಹಾಡು, ನಗು. ಘಂತೂತ್ ಪೆಟ್ರೋಲ್ ಪಂಪಿನಲ್ಲಿ ಕರಕ್ ಚಹಾಕ್ಕೆ ನಿಂತಾಗ ಚಿನೆಡು ಅವರನ್ನು ಪಕ್ಕಕ್ಕೆ ಕರೆದು ಪಟ್ಟಿ ತೋರಿಸಿದೆ. ಓದಿದರು. ಕಾಗದದ ಲೋಟವನ್ನು ಚಹಾ ಸಮೇತ ಕಸದ ಬುಟ್ಟಿಗೆ ಹಾಕಿದರು.

‘ಡ್ರೈವರಿಗೆ ಹೇಳು, ಗಾಡಿ ತಿರುಗಿಸಲಿ.’

‘ತಿರುಗಿಸಿದರೆ ನೀವು ಹೆದರಿ ಓಡಿದಿರಿ ಅಂತಾಗುತ್ತದೆ.’

‘ಓಡಿದರೆ ಮುಖ ಉಳಿಯುತ್ತದೆ. ಅಲ್ಲಿಗೆ ಹೋದರೆ?’

‘ಅಲ್ಲಿ ಹೋದರೂ ಉಳಿಯುತ್ತದೆ. ವೇದಿಕೆಯಲ್ಲಿ ಯಾರು ಯಾವಾಗ ಹತ್ತಬೇಕು, ಯಾರ ಮೈಕ್ ಯಾವಾಗ ತೆರೆಯಬೇಕು ಅಂತ ಹೇಳುವವಳು ನಾನು. ಅವಳನ್ನು ಯಾರೂ ಮುಟ್ಟುವುದಿಲ್ಲ.’

ನನ್ನನ್ನು ತಲೆಯಿಂದ ಕಾಲಿನವರೆಗೆ ನೋಡಿದರು. ‘ನೀನು ಎಷ್ಟು ಎತ್ತರ ಇದ್ದೀಯ?’

‘ಐದಡಿ.’

‘ಐದಡಿ,’ ಎಂದು ತಲೆಯಾಡಿಸಿದರು. ‘ದೇವರೇ. ನನ್ನ ಊರು, ನನ್ನ ತಾಯಿ, ಎಲ್ಲ ಐದಡಿಯ ಮೇಲೆ.’ ನಂತರ ಬಸ್ಸಿನ ಕಡೆ ಕೂಗಿದರು, ‘ಯಲ್ಲಾ, ಹತ್ತಿ ಎಲ್ಲ!’

ಹೊತ್ತೇರಿದಂತೆ ಮಂಜು ಹರಿದು ಆಕಾಶ ತೊಳೆದಿಟ್ಟ ಹಾಗಿತ್ತು. ಗೇಟಿನಲ್ಲಿ ಸೆಕ್ಯುರಿಟಿ ಮುಖ್ಯಸ್ಥರು ಎಲ್ಲರ ಐಡಿ ಹಿಡಿದು ಎಲ್ಲರ ಮುಖ ನೋಡಿದರು. ನಾನು ಮೊದಲೇ ಹೇಳಿ ಒಪ್ಪಿಸಿದ್ದೆ, ಅವರಿಗೆ ಬೇರೆ ತಕರಾರು ಇರಲಿಲ್ಲ. ನೆಲಮಾಳಿಗೆಯ ಒಂದು ಕೋಣೆಯಲ್ಲಿ ವೇಷ. ನಾನು ಆ ಬಾಗಿಲ ಹತ್ತಿರ ಹೋಗಲಿಲ್ಲ. ಸೌಂಡ್ ನೋಡಿಕೊಳ್ಳುತ್ತಿದ್ದ ರೋಮೆಲ್ ಹತ್ತಿರ ಮಾತ್ರ ಹೋದೆ. ಫಿಲಿಪೀನ್ಸಿನವನು, ಮಾತು ಕಡಿಮೆ, ಕಿವಿ ಬಹಳ ಚೂಪು. ‘ಇವತ್ತು ನಾನು ಪಟ್ಟಿಯಲ್ಲಿ ಇಲ್ಲದ್ದು ಏನಾದರೂ ಹೇಳಿದರೆ ಕಾರಣ ಕೇಳಬೇಡ. ಹೇಳಿದ್ದು ನಾನು ಅಂತ ಎಲ್ಲರಿಗೂ ಹೇಳು,’ ಎಂದೆ. ‘ಕಾರಣ ಬೇಡ ಮೇಡಂ,’ ಎಂದ, ‘ಗಟ್ಟಿಯಾಗಿ ಹೇಳಿದರೆ ಸಾಕು.’

ಸಂಜೆಯ ಬಿಸಿಲು ಗೋಪುರಗಳ ಗಾಜಿಗೆ ಬಡಿದು ಹುಲ್ಲಿನ ಮೇಲೆ ಬೀಳುತ್ತಿದ್ದಾಗ ಕನ್ಯೆ ಬಂದಳು. ಐಸ್‌ಕ್ರೀಮ್ ಸಾಲಿನಲ್ಲಿದ್ದ ಜನ ಸಾಲು ಮುರಿದರು. ಜೋಡಿ ಗಂಟೆಯ ಸದ್ದು ಒಂದು ಗೋಪುರಕ್ಕೆ ತಾಗಿ ಇನ್ನೊಂದಕ್ಕೆ ಹಾರಿತು, ಬಾಲ್ಕನಿಗಳಲ್ಲಿ ಒಬ್ಬೊಬ್ಬರೇ ಕಾಣಿಸಿಕೊಂಡರು. ಕೊಳಲು ಕೆಣಕಿತು, ಅವಳು ನಿಂತುಬಿಟ್ಟಳು, ಅಲ್ಲಾಡಲಿಲ್ಲ. ಕೊಳಲು ಬೇಡಿತು. ಅವಳು ಒಂದು ಹೆಜ್ಜೆ ಕೊಟ್ಟಳು. ಕೊಳಲು ಹೊಗಳಿತು. ಆಮೇಲೆ ಕಾಲುಗಳು ಕಣ್ಣಿಗೆ ಸಿಗಲಿಲ್ಲ, ಬಣ್ಣ ಮಾತ್ರ ಸಿಕ್ಕಿತು. ನನ್ನ ಪಕ್ಕ ನಿಂತಿದ್ದ ಲೋಬೊ ಸರ್ ಕೂಡ ಫೋನು ಜೇಬಿಗೆ ಹಾಕಿದರು. ‘ದೇವಾ,’ ಎಂದರು, ಕೊಂಕಣಿಯಲ್ಲೋ ಕನ್ನಡದಲ್ಲೋ.

ಆಗ ಹಲಾ ಮೇಡಂ ಆ್ಯಂಕರ್‌ಗೆ ಕೈ ಮಾಡಿದರು. ಅವನು ಒಂದು ಪುಟ್ಟ ಹುಡುಗಿಯ ಕೈ ಹಿಡಿದು ಮೆಟ್ಟಿಲು ಹತ್ತಿದ. ‘ಅಬುಧಾಬಿ! ಇದರೊಳಗೆ ಇರುವುದು ಯಾರು ಅಂತ ನೋಡೋಣವಾ?’

ನಾನು ವಾಕಿಟಾಕಿ ಬಾಯಿಗೆ ಹಿಡಿದೆ. ‘ರೋಮೆಲ್, ಆ್ಯಂಕರ್ ಮೈಕ್ ಆಫ್. ಕೊಳಲಿನ ಮೈಕ್ ಪೂರ್ತಿ ಮೇಲೆ.’

‘ಆ್ಯಂಕರ್ ಆಫ್. ಕನ್ಫರ್ಮ್?’

‘ಕನ್ಫರ್ಮ್.’

ಆ್ಯಂಕರ್‌ನ ಬಾಯಿ ಆಡುತ್ತಿತ್ತು, ಸದ್ದು ಇರಲಿಲ್ಲ. ಮೈಕನ್ನು ತಟ್ಟಿದ, ಊದಿದ. ಕೊಳಲು ಹುಲ್ಲುಹಾಸಿನ ಉದ್ದಕ್ಕೂ ಹರಿಯಿತು. ಲೋಬೊ ಸರ್ ನನ್ನ ಕಡೆ ತಿರುಗಿ, ‘ಎಂತ ಮಾಡ್ತಾ ಇದ್ದಿ?’ ಎಂದರು. ಉತ್ತರ ಕೊಡಲು ಪುರುಸೊತ್ತಿರಲಿಲ್ಲ, ಏಕೆಂದರೆ ಆ್ಯಂಕರ್ ಮೈಕ್ ಬಿಟ್ಟು ಮಗುವನ್ನು ಎತ್ತಿಕೊಂಡು ಅವಳ ಕಡೆಗೇ ನಡೆಯುತ್ತಿದ್ದ. ಮೈಕ್ ಇಲ್ಲದಿದ್ದರೂ ಕೈ ಇತ್ತಲ್ಲ. ನಾನು ಓಡಿ ವೇದಿಕೆ ಹತ್ತಿ ಅವನಿಗೂ ಅವಳಿಗೂ ನಡುವೆ ನಿಂತೆ.

‘ಸ್ವಲ್ಪ ಸರಿ,’ ಎಂದ ಅವನು ನಗು ಬಿಡದೆ, ಕ್ಯಾಮೆರಾ ಇತ್ತಲ್ಲ.

‘ಸರಿಯುವುದಿಲ್ಲ,’ ಎಂದೆ ನಾನೂ ನಗುತ್ತಲೇ.

‘ಮ್ಯಾನೇಜರ್ ಹೇಳಿದ್ದಾರೆ.’

‘ನಾನು ಬೇಡ ಅಂತ ಹೇಳುತ್ತಿದ್ದೇನೆ. ಮಗುವನ್ನು ಕೆಳಗಿಳಿಸು.’

ನನ್ನ ಬೆನ್ನ ಹಿಂದೆ ಗೆಜ್ಜೆ ನಿಂತಿತ್ತು. ಉಸಿರು ಕೇಳುತ್ತಿತ್ತು, ಅಷ್ಟು ಹತ್ತಿರ. ತಿರುಗಿ ನೋಡಲಿಲ್ಲ. ಎರಡೂ ಕಡೆಯಿಂದ ಗಂಟೆಯವರು, ಗಡಿಗೆಯವರು ಬಡಿಯುವುದನ್ನು ನಿಲ್ಲಿಸದೆಯೇ ಎದ್ದು ಬಂದು ನನ್ನ ಪಕ್ಕ ಸೇರಿಕೊಂಡರು, ಚಿನೆಡು ನಡುವೆ. ಜನ ಇದೂ ಕುಣಿತದ ಭಾಗ ಎಂದುಕೊಂಡು ಚಪ್ಪಾಳೆ ತಟ್ಟಿದರು. ಆ್ಯಂಕರ್‌ನ ತೋಳಿನಲ್ಲಿದ್ದ ಹುಡುಗಿ ನನ್ನ ಭುಜದ ಮೇಲಿನಿಂದ ಇಣುಕಿ, ಇಂಗ್ಲಿಷಿನಲ್ಲಿ ಮೆಲ್ಲಗೆ ಕೇಳಿದಳು, ‘ಅವಳು ನಿಜವಾದ ಹುಡುಗಿಯಾ?’

‘ಹೌದು,’ ಎಂದೆ.

‘ಹಾಗಾದರೆ ಮುಖ ಎಳೆದರೆ ನೋವಾಗುತ್ತದೆ,’ ಎಂದು ಅವಳು ಆ್ಯಂಕರ್‌ಗೆ ಹೇಳಿ, ಇಳಿಸು ಎಂದು ಕಾಲು ಬಡಿದಳು. ಅವನು ಇಳಿಸಿದ. ಕೊಳಲು ಏನೋ ಒಂದು ಹೇಳಿತು, ಮೂರೇ ಸ್ವರ. ಗೆಜ್ಜೆ ಹಿಂದಕ್ಕೆ ಹಿಂದಕ್ಕೆ ಸರಿದು, ಮೆಟ್ಟಿಲಿಳಿದು, ನೆಲಮಾಳಿಗೆಯ ದಾರಿಯಲ್ಲಿ ಸಣ್ಣದಾಯಿತು.

ವಾಪಸು ಬರುವ ಬಸ್ಸಿನಲ್ಲಿ ಆ ಮೂರು ಸ್ವರದ ಅರ್ಥವೇನೆಂದು ಚಿನೆಡು ಅವರನ್ನು ಕೇಳಿದೆ. ‘ಅದು ಅವಳಿಗೆ ಹೇಳಿದ್ದು. ನಿನಗಲ್ಲ,’ ಎಂದರು. ಆಮೇಲೆ ತಮ್ಮ ಸೀಟಿನಿಂದ ಎದ್ದು, ಕಿಟಕಿ ಪಕ್ಕದ ಆ ಜಾಗವನ್ನು ನನಗೆ ಬಿಟ್ಟುಕೊಟ್ಟರು.

ಭಾನುವಾರ ಕೆಲಸದ ವಾರ ಶುರುವಾಯಿತು. ನಾನು ಕೂರುವ ಮೊದಲೇ ಲೋಬೊ ಸರ್ ಕರೆದರು. ಮೇಜಿನ ಮೇಲೆ ಕಂಪನಿಯ ಲೆಟರ್‌ಹೆಡ್, ಪೆನ್ನು. ಸಿಟ್ಟಿನಲ್ಲಿರುತ್ತಾರೆ ಎಂದುಕೊಂಡಿದ್ದೆ. ಅವರು ಸುಸ್ತಾಗಿದ್ದರು, ಅದು ಇನ್ನೂ ಕಷ್ಟ.

‘ಕೂತ್ಕೊ. ಆ ಹಲಾಗೆ ಲಿಖಿತದಲ್ಲಿ ಕಾರಣ ಬೇಕಂತೆ. ನಾನು ಎಲ್ಲ ಯೋಚನೆ ಮಾಡಿದ್ದೇನೆ. ಮೈಕ್ ಕೈ ಕೊಟ್ಟಿತು, ಗಲಿಬಿಲಿಯಲ್ಲಿ ಮಗುವಿಗೆ ಪೆಟ್ಟಾದೀತು ಅಂತ ನೀನು ಮೇಲೆ ಹೋದಿ. ಇಷ್ಟು ಬರೆ. ಎಲ್ಲ ಮುಗಿಯಿತು.’

‘ಮೈಕ್ ಕೈ ಕೊಡ್ಲಿಲ್ಲ ಸರ್.’

‘ಅದು ನಂಗೂ ಗೊತ್ತುಂಟು!’ ಮೇಜಿಗೆ ಬಡಿದರು. ‘ರೋಮೆಲ್‌ನ ಹೆಸರು ಬರೆ ಅಂತ ಹೇಳ್ತಾ ಇಲ್ಲ. ಮೆಷಿನ್ ಅಂತ ಬರೆ. ಮೆಷಿನಿಗೆ ಹೆಂಡ್ತಿ ಮಕ್ಕಳಿಲ್ಲ, ವೀಸಾ ಇಲ್ಲ. ಮತ್ತೆ ಆ ಕುಣಿದವನ ಹೆಸರು ಕೇಳ್ತಾ ಇದ್ದಾರೆ, ಅವರ ಪೇಜಿನಲ್ಲಿ ಹಾಕ್ಲಿಕ್ಕೆ. ಎಲ್ಲ ಲೆಕ್ಕ ಇಡುವವಳು ನೀನು, ನಿಂಗೆ ಗೊತ್ತುಂಟಲ್ಲ.’

‘ನಂಗೆ ಗೊತ್ತಿಲ್ಲ.’

‘ನಿಂಗೆ? ಗೊತ್ತಿಲ್ಲ?’

‘ಎಣಿಸಲಿಲ್ಲ ಸರ್.’

ಅವರು ಕುರ್ಚಿಗೆ ಒರಗಿದರು. ‘ಸ್ವಾತಿ, ಊರಿನ ಹುಡುಗಿ ಅಂತ ಹೇಳ್ತಾ ಇದ್ದೇನೆ. ಮೆಷಿನ್ ಅಂತ ಬರೆದ್ರೆ ನೀನೂ ಉಳಿಯುತ್ತಿ, ನಾನೂ ಉಳಿಯುತ್ತೇನೆ. ಬೇರೆ ಎಂತಾದ್ರೂ ಬರೆದ್ರೆ ನಾನು ನಿನ್ನನ್ನು ಇಟ್ಟುಕೊಳ್ಳಿಕ್ಕೆ ಆಗೂದಿಲ್ಲ. ವೀಸಾ ಕ್ಯಾನ್ಸಲ್. ಮತ್ತೆ ಒಂದು ತಿಂಗಳು ಇರ್ಬಹುದು, ಅಷ್ಟೆ. ಮನೆಯಲ್ಲಿ ಎಂತ ಹೇಳ್ತಿ?’

ಕೆಲಸ ಹೋಗಬಹುದು ಎಂದು ಮನೆಯಲ್ಲಿ ಹಿಂದಿನ ದಿನವೇ ಹೇಳಿದ್ದೆ. ವೀಣಕ್ಕ ಒಗ್ಗರಣೆ ಸೌಟು ಹಿಡಿದುಕೊಂಡೇ ಕೇಳಿದ್ದಳು, ‘ಆ ಬಾಗಿಲೊಳಗೆ ನಿನ್ನನ್ನು ಬಿಡದವರಿಗಾಗಿ ನಿನ್ನ ಕೆಲಸ ಕಳ್ಕೊಳ್ತಿಯಾ? ನಿಂಗೆ ಮರುಳಾ?’ ‘ಅವರಿಗಾಗಿ ಅಲ್ಲ,’ ಎಂದಿದ್ದೆ. ಹಾಗಾದರೆ ಯಾರಿಗಾಗಿ ಎಂದು ಕೇಳಿದ್ದಳು. ನನ್ನ ಮಾತಿಗಾಗಿ ಎಂದರೆ ದೊಡ್ಡದಾಗಿ ಕೇಳಿಸುತ್ತಿತ್ತು, ಆದ್ದರಿಂದ ತಟ್ಟೆ ಜೋಡಿಸತೊಡಗಿದ್ದೆ. ಅವಳು ಸೌಟನ್ನು ಬಾಣಲೆಗೆ ಬಿಟ್ಟು, ‘ಆಯ್ತು, ಕೋಣೆ ಉಂಟಲ್ಲ, ಇಲ್ಲೇ ಬಿದ್ದಿರು, ಬೇರೆ ಕೆಲಸ ಹುಡುಕುವಾ,’ ಎಂದಿದ್ದಳು.

ನಾನು ಲೆಟರ್‌ಹೆಡ್ ಹತ್ತಿರ ಎಳೆದುಕೊಂಡೆ. ಲೋಬೊ ಸರ್ ನಿಟ್ಟುಸಿರು ಬಿಟ್ಟು ಚಹಾಕ್ಕೆ ಹೇಳಿದರು. ಎಲ್ಲ ಸರಿಹೋಯಿತು ಎಂದುಕೊಂಡರೇನೋ. ಮೆಷಿನ್ ಎಂದು ಬರೆಯುವುದು ಎಷ್ಟು ಸುಲಭ ಎಂದು ಆ ಹೊತ್ತಿನಲ್ಲಿ ನನಗೂ ಅನ್ನಿಸಿತು. ಆದರೆ ಹಾಗೆ ಬರೆದರೆ ಅವಳ ಮುಖ ಉಳಿದದ್ದು ಆಕಸ್ಮಿಕ ಎಂದಾಗುತ್ತದೆ. ಮುಂದಿನ ವರ್ಷ ಮೈಕ್ ರಿಪೇರಿ ಮಾಡಿಸಿಕೊಂಡು ಬರುತ್ತಾರೆ.

ಮೂರು ಸಾಲು ಬರೆದು, ಸಹಿ ಹಾಕಿ ಅವರ ಕಡೆ ತಿರುಗಿಸಿಟ್ಟೆ. ಅವರು ಕನ್ನಡಕ ಹುಡುಕಿ ಗಟ್ಟಿಯಾಗಿ ಓದಿದರು.

‘ಮೈಕ್ ಸರಿಯಾಗಿತ್ತು. ಅದನ್ನು ಮುಚ್ಚಿಸಿದ್ದು ನಾನು. ಇನ್ನೊಮ್ಮೆ ಅಂಥ ಸಂದರ್ಭ ಬಂದರೆ ಇನ್ನೊಮ್ಮೆ ಮುಚ್ಚಿಸುತ್ತೇನೆ.’

ಚಹಾ ಬಂತು. ಅವರು ಕುಡಿಯಲಿಲ್ಲ, ಕಾಗದವನ್ನು ಕೆಳಗಿಡಲೂ ಇಲ್ಲ.

‘ಈ ಕೊನೆಯ ಸಾಲು ಬೇಕಿತ್ತಾ?’ ಎಂದರು. ‘ಅದೊಂದು ತೆಗಿ. ನಾನು ಹೇಗಾದ್ರೂ ಮಾತಾಡ್ತೇನೆ.’

‘ಅದೊಂದನ್ನು ಇಟ್ಟುಕೊಳ್ಳಿ ಸರ್,’ ಎಂದೆ. ‘ಬೇಕಾದ್ರೆ ಮೊದಲಿನ ಎರಡು ತೆಗೀರಿ.’